ಸುಂದರಬನಕ್ಕೆ ಎರಡು ದಿನದ ದೋಣಿ ಪ್ರವಾಸ ಸಾಕೇ? ಹೋಗಿ ಬಂದವರು ತಿಳಿಸಿ

ಹೊಳೆಸಾಲು
ಎಲ್ಲರಿಗೂ ನಮಸ್ಕಾರ. ಚಳಿಗಾಲದಲ್ಲಿ ಕೆಲಸದ ಮೇಲೆ ಕೋಲ್ಕತ್ತಕ್ಕೆ ಹೋಗಲಿದ್ದೇನೆ. ಜೊತೆಯಲ್ಲಿ 68 ವರ್ಷದ ನಮ್ಮ ತಾಯಿಯೂ ಬರುತ್ತಾರೆ. ಕೆಲಸ ಮುಗಿದ ಮೇಲೆ ನಮಗೆ ಉಳಿಯುವುದು ಎರಡು ಹಗಲು, ಒಂದು ರಾತ್ರಿ ಮಾತ್ರ. ಗಂಗೆ ಸಮುದ್ರ ಸೇರುವ ಕಡೆಯನ್ನು ಕಣ್ಣಾರೆ ನೋಡಬೇಕೆಂಬುದು ಅಮ್ಮನ ಬಹುಕಾಲದ ಆಸೆಯಾದ್ದರಿಂದ, ಗೈಡ್ ಜೊತೆಗೆ ದೋಣಿಯಲ್ಲಿ ಸುಂದರಬನ ಸುತ್ತಿಸುವ ಎರಡು ದಿನದ ಪ್ರವಾಸವೊಂದನ್ನು ಗೊತ್ತು ಮಾಡಬೇಕೆಂದಿದ್ದೇನೆ. ಆದರೆ ವಿಚಾರಿಸಿದವರೆಲ್ಲ "ಹುಲಿ ಕಾಣುವುದಿಲ್ಲ, ಎರಡು ದಿನ ಕೆಸರು ನೋಡಿಕೊಂಡು ಬರುತ್ತೀರಿ" ಎನ್ನುತ್ತಿದ್ದಾರೆ. ಇಷ್ಟು ಕಡಿಮೆ ಹೊತ್ತಿನಲ್ಲಿ ಅಲ್ಲಿ ನಿಜವಾಗಿ ಏನನ್ನು ನೋಡಬಹುದು, ಮೊಣಕಾಲು ನೋವಿರುವವರಿಗೆ ದೋಣಿ ಹತ್ತಿ ಇಳಿಯುವುದು ಎಷ್ಟು ಕಷ್ಟ ಎಂಬುದನ್ನು ಬಲ್ಲವರು ದಯವಿಟ್ಟು ವಿವರವಾಗಿ ತಿಳಿಸಬೇಕು.

ಊರುಸುತ್ತು
ದಯವಿಟ್ಟು ಹೋಗಬೇಡಿ. ನಾವು ಆರು ಜನ ಇಂಥದೇ ಎರಡು ದಿನದ ಪ್ಯಾಕೇಜಿನಲ್ಲಿ ಹೋಗಿದ್ದೆವು. ಕೋಲ್ಕತ್ತದಿಂದ ಹೊರಟು ಸುಮಾರು ನೂರು ಕಿಲೋಮೀಟರ್ ದೂರದ ಗೋದ್‌ಖಾಲಿ ಜೆಟ್ಟಿ ಮುಟ್ಟುವಷ್ಟರಲ್ಲಿ ಮೊದಲ ದಿನ ಅರ್ಧ ಮುಗಿದಿತ್ತು. ಎರಡನೆಯ ದಿನ ಊಟ ಮುಗಿಸುವ ಮೊದಲೇ ಹಿಂದಿರುಗುವ ಗಡಿಬಿಡಿ ಶುರುವಾಯಿತು. ನಡುವೆ ಸಿಕ್ಕ ಹೊತ್ತಿನಲ್ಲಿ ದೋಣಿಯವರು ಜೋರಾಗಿ ಹಾಡು ಹಾಕಿಕೊಂಡಿದ್ದರು, ಗೈಡ್ ಮಾತಾಡಿದ್ದೇ ಅಪರೂಪ, ಮಾತಾಡಿದಾಗಲೆಲ್ಲ "ಹೋದ ವಾರ ಇಲ್ಲಿಯೇ ಹುಲಿ ಕಂಡಿತ್ತು" ಎಂಬ ಒಂದೇ ಮಾತು. ಮೂರು ರಾತ್ರಿ ಉಳಿಯಲಾಗದವರು ಆ ಕಡೆ ಹೋಗದಿರುವುದೇ ಮೇಲು ಎಂಬುದು ನನ್ನ ಖಚಿತ ಅಭಿಪ್ರಾಯ.

ಭೂಗೋಳದಮೇಷ್ಟ್ರು
ಹೊಳೆಸಾಲು ಅವರೇ, ಮೊದಲು ಒಂದು ಗೊಂದಲವನ್ನು ಬಗೆಹರಿಸಿಕೊಳ್ಳಿ. ತಾಯಿಯವರ ಮನಸ್ಸಿನಲ್ಲಿರುವುದು ಗಂಗಾಸಾಗರವಾಗಿದ್ದರೆ, ಅದು ಸಾಗರದ್ವೀಪದ ತುದಿಯಲ್ಲಿ, ಕಪಿಲ ಮುನಿಯ ಗುಡಿಯ ಬಳಿ ಇದೆ. ಅಲ್ಲಿಗೆ ಕಾಕ್‌ದ್ವೀಪದ ಕಡೆಯಿಂದ ಫೆರ್ರಿ ಹಿಡಿದು ಕಚುಬೇಡಿಯಾಕ್ಕೆ ದಾಟಬೇಕು. ನೀವು ಹೇಳುತ್ತಿರುವ ಪ್ರವಾಸ ಪೂರ್ವಕ್ಕೆ, ಗೊಸಾಬಾ ಮತ್ತು ಸಜ್ನೆಖಾಲಿಯ ಕಡೆಗೆ ಹೋಗುತ್ತದೆ. ಎರಡೂ ಒಂದೇ ಮುಖಜಭೂಮಿಯ ಭಾಗಗಳೇ ಆದರೂ ಎರಡು ದಿನದಲ್ಲಿ ಎರಡನ್ನೂ ಮುಟ್ಟಿ ಬರುವುದು ಆಗದ ಮಾತು. ಮಕರ ಸಂಕ್ರಾಂತಿಯ ಆಸುಪಾಸಿನಲ್ಲಿ ಸಾಗರದ್ವೀಪದಲ್ಲಿ ದೊಡ್ಡ ಜಾತ್ರೆ ನಡೆಯುತ್ತದೆಂಬುದನ್ನೂ ಗಮನದಲ್ಲಿಡಿ. ಅಮ್ಮನವರಿಗೆ ಬೇಕಾಗಿರುವುದು ತೀರ್ಥಸ್ನಾನವೋ ನದಿ ಸಮುದ್ರವಾಗುವ ನೋಟವೋ ಎಂದು ಕೇಳಿ ತಿಳಿದುಕೊಂಡು ಆಮೇಲೆ ನಿರ್ಧರಿಸಿ.

ಹೊಳೆಸಾಲು
ಮೇಷ್ಟ್ರೇ, ತುಂಬಾ ಉಪಕಾರವಾಯಿತು. ಈಗಷ್ಟೇ ಕೇಳಿದೆ. "ಸ್ನಾನ ಕಾಶಿಯಲ್ಲಿ ಆಗಿದೆ, ಅಷ್ಟು ದೊಡ್ಡ ಹೊಳೆ ಕೊನೆಗೆ ಏನಾಗುತ್ತದೆ ಎಂದು ನೋಡಬೇಕು" ಎಂದರು. ಹಾಗಾಗಿ ಸುಂದರಬನವೇ ಸರಿ.

ಕೆಸರಬೇರು
ತಾಯಿಯವರ ಪ್ರಶ್ನೆ ನಮ್ಮೆಲ್ಲರ ಪ್ರಶ್ನೆಗಳಿಗಿಂತ ಚೆನ್ನಾಗಿದೆ, ಮತ್ತು ಅದಕ್ಕೆ ಎರಡು ದಿನದಲ್ಲಿ ಉತ್ತರ ಸಿಗುತ್ತದೆ.

ನಾನು ನಾಲ್ಕು ಸಲ ಹೋಗಿದ್ದೇನೆ. ನನ್ನ ಅನುಭವದಲ್ಲಿ ಅಲ್ಲಿ ದಿನಗಳನ್ನು ಎಣಿಸುವುದಕ್ಕಿಂತ ಉಬ್ಬರ ಇಳಿತಗಳನ್ನು ಎಣಿಸುವುದು ಮುಖ್ಯ. ಒಂದು ಉಬ್ಬರದಿಂದ ಮತ್ತೊಂದು ಉಬ್ಬರಕ್ಕೆ ಸುಮಾರು 12 ಗಂಟೆ 25 ನಿಮಿಷ ಹಿಡಿಯುತ್ತದೆ. ಅಂದರೆ ಚಳಿಗಾಲದ ಸಣ್ಣ ಹಗಲಿನಲ್ಲಿಯೂ ಹೆಚ್ಚಿನ ದಿನಗಳಲ್ಲಿ ನೀರು ಒಮ್ಮೆಯಾದರೂ ಇಳಿಯುವುದನ್ನು ಅಥವಾ ಏರುವುದನ್ನು ಪೂರ್ತಿ ನೋಡಬಹುದು. ಅಲ್ಲಿಯ ಜನ ಏರುವ ನೀರಿಗೆ ಜೋಯಾರ್ ಎಂದೂ ಇಳಿಯುವ ನೀರಿಗೆ ಭಾಟಾ ಎಂದೂ ಹೇಳುತ್ತಾರೆ. ತಮ್ಮ ಸೀಮೆಯನ್ನೇ ಭಾಟಿಯ ದೇಶ ಎಂದು ಕರೆದುಕೊಳ್ಳುತ್ತಾರೆ.

ನೀರು ಇಳಿಯತೊಡಗಿದಾಗ ದೋಣಿಯ ಎಂಜಿನ್ ನಿಲ್ಲಿಸಿ ದಡದ ಹತ್ತಿರ ಅರ್ಧ ಗಂಟೆ ನಿಲ್ಲಲು ಹೇಳಿ. ಮೊದಲು ಕಾಣುವುದು ಮರದ ಎಲೆಗಳ ಕೆಳಗಂಚು ಕತ್ತರಿಯಿಂದ ಕತ್ತರಿಸಿದಂತೆ ಸಮನಾಗಿರುವ ಗೆರೆ. ಉಬ್ಬರದ ನೀರು ಅಷ್ಟು ಎತ್ತರಕ್ಕೆ ಮುಟ್ಟಿತ್ತೆಂದು ಅದರಿಂದ ತಿಳಿಯುತ್ತದೆ. ಆಮೇಲೆ ನೀರಿನಿಂದ ಒಂದೊಂದೇ ಮೊನೆ ಮೇಲೇಳುತ್ತದೆ, ನೋಡುನೋಡುತ್ತಿದ್ದಂತೆ ಕೆಸರಿನ ತುಂಬ ಗೂಟ ನೆಟ್ಟಂತೆ ಉಸಿರುಬೇರುಗಳು ಕಾಣಿಸಿಕೊಳ್ಳುತ್ತವೆ. ಉಪ್ಪುನೀರು ಕುಡಿದ ಕೆಸರಿನಲ್ಲಿ ಗಾಳಿ ಆಡುವುದಿಲ್ಲವಾದ್ದರಿಂದ ಈ ಮರಗಳು ಬೇರನ್ನು ಮೇಲಕ್ಕೆ ಕಳಿಸಿ ಉಸಿರಾಡುತ್ತವೆ. ಅವುಗಳ ನಡುವೆ ಕೆಂಪು ಏಡಿಗಳು ಬಿಲದಿಂದ ಹೊರಬಂದು ಒಂದೇ ಒಂದು ದೊಡ್ಡ ಕೊಂಡಿಯನ್ನು ಎತ್ತಿ ಇಳಿಸುತ್ತವೆ, ಮೀನೊಂದು ನೀರು ಬಿಟ್ಟು ಕೆಸರಿನ ಮೇಲೆ ತೆವಳಿಕೊಂಡು ಹೋಗುತ್ತದೆ. ಕೆಸರು ನೋಡಿಕೊಂಡು ಬರುತ್ತೀರಿ ಎಂದು ನಿಮ್ಮನ್ನು ಹೆದರಿಸಿದವರಿಗೆ ಈ ಅರ್ಧ ಗಂಟೆ ಸಿಕ್ಕಿರಲಾರದು.

ಹಕ್ಕಿಗಣ್ಣು
ಕೆಸರಬೇರು ಅವರ ಮಾತನ್ನು ಅರ್ಧ ಮಾತ್ರ ಒಪ್ಪುತ್ತೇನೆ. ಇಳಿತದಲ್ಲಿ ದೋಣಿ ದೊಡ್ಡ ನದಿಯಲ್ಲೇ ಉಳಿಯಬೇಕಾಗುತ್ತದೆ, ಸಣ್ಣ ಖಾಲ್‌ಗಳಿಗೆ ಹೋದರೆ ತಳ ಕೆಸರಿಗೆ ಕೂತುಬಿಡುತ್ತದೆ. ಕಾಡು ಎರಡೂ ಕಡೆಯಿಂದ ಕೈಗೆ ಎಟಕುವಷ್ಟು ಹತ್ತಿರ ಬರುವ ಆ ಕಾಲುವೆಗಳ ಒಳಗೆ ಹೋಗಬೇಕಾದರೆ ಉಬ್ಬರವೇ ಬೇಕು. ಮಿಂಚುಳ್ಳಿಗಳಿಗೆ ಸುಂದರಬನಕ್ಕಿಂತ ಒಳ್ಳೆಯ ಜಾಗವನ್ನು ನಾನು ಕಂಡಿಲ್ಲ. ಕಂದು ರೆಕ್ಕೆಯ ಮಿಂಚುಳ್ಳಿಯನ್ನು ನಾನು ಮೂರು ಮಾರು ದೂರದಿಂದ ನೋಡಿದ್ದು ತುಂಬಿದ ಖಾಲ್‌ನಲ್ಲಿ.

ಕೆಸರಬೇರು
ಒಪ್ಪಿದೆ. ಆದರೆ ತುಂಬಿದ ನೀರಿನಲ್ಲಿ ಮೊಸಳೆ ಎಲ್ಲಿ ಕಾಣುತ್ತದೆ? ದಡದ ಕೆಸರು ಬಿಸಿಲಿಗೆ ತೆರೆದಾಗಲೇ ಅದು ಮೇಲೆ ಬಂದು ಮಲಗುವುದು.

ಹಕ್ಕಿಗಣ್ಣು
ಅದಕ್ಕೇ ಎರಡೂ ಬೇಕೆನ್ನುತ್ತಿದ್ದೇನೆ. ಇಳಿತ ಮಾತ್ರ ಸಾಕೆಂದು ಹೊಸಬರಿಗೆ ಹೇಳಬೇಡಿ.

ದಡದಾಚೆ
ಈ ಜಗಳಕ್ಕೆ ಪಂಚಾಂಗದಲ್ಲಿ ಪರಿಹಾರವಿದೆ. ಉಬ್ಬರ ದಿನಕ್ಕೆ ಸುಮಾರು 50 ನಿಮಿಷ ತಡವಾಗುತ್ತ ಹೋಗುತ್ತದೆ. ಹಾಗಾಗಿ ಹುಣ್ಣಿಮೆಯ ದಿನ ಯಾವ ಹೊತ್ತಿಗೆ ನೀರು ತುಂಬುತ್ತದೆಯೋ ಅಮಾವಾಸ್ಯೆಯಂದೂ ಹೆಚ್ಚುಕಡಿಮೆ ಅದೇ ಹೊತ್ತಿಗೆ ತುಂಬುತ್ತದೆ, ಅಷ್ಟಮಿಯ ಹೊತ್ತಿಗೆ ಅದು ಆರು ಗಂಟೆಯಷ್ಟು ಸರಿದು ಹಿಂದುಮುಂದಾಗಿರುತ್ತದೆ. ಹುಣ್ಣಿಮೆ ಅಮಾವಾಸ್ಯೆಗಳ ಆಸುಪಾಸಿನ ದೊಡ್ಡ ಉಬ್ಬರಕ್ಕೆ ಅಲ್ಲಿಯವರು ಭರಾ ಕೋಟಾಲ್ ಎನ್ನುತ್ತಾರೆ, ಅಷ್ಟಮಿಯ ಕಡೆಯ ಸಣ್ಣದಕ್ಕೆ ಮರಾ ಕೋಟಾಲ್. ಏರಿಳಿತವನ್ನು ಚೆನ್ನಾಗಿ ನೋಡಬೇಕೆನ್ನುವವರು ಭರಾ ಕೋಟಾಲ್‌ನ ದಿನಗಳನ್ನು ಆರಿಸಿಕೊಳ್ಳಬೇಕು. ಪ್ರವಾಸ ಕಾಯ್ದಿರಿಸುವ ಮೊದಲು "ಆ ದಿನ ಭಾಟಾ ಎಷ್ಟು ಹೊತ್ತಿಗೆ?" ಎಂದು ನಡೆಸುವವರನ್ನು ಕೇಳಿ. ಥಟ್ಟನೆ ಉತ್ತರ ಕೊಟ್ಟರೆ ಅವರ ದೋಣಿ ಹತ್ತಿ; "ಅದೆಲ್ಲ ನೀವೇಕೆ ಯೋಚಿಸುತ್ತೀರಿ" ಎಂದರೆ ಬೇರೆಯವರನ್ನು ಹುಡುಕಿ.

ಮೌನಯಾತ್ರಿ
ಇಷ್ಟೆಲ್ಲ ಆದ ಮೇಲೂ ಒಂದು ಪ್ರಶ್ನೆ ಉಳಿಯುತ್ತದೆ: ಇಲ್ಲಿ ಹುಲಿಯನ್ನು ಕಂಡವರು ಯಾರಾದರೂ ಇದ್ದೀರಾ?

ಕೆಸರಬೇರು
ನಾಲ್ಕು ಪ್ರವಾಸಗಳಲ್ಲಿ ಒಮ್ಮೆಯೂ ಇಲ್ಲ. ಒಮ್ಮೆ ಹೊಸ ಹೆಜ್ಜೆಗಳನ್ನು ಕಂಡೆ. ನೀರಿನಂಚಿನಿಂದ ಹೊರಟು ಹೆಂತಾಲ್ ಪೊದೆಯೊಳಗೆ ಹೋಗಿದ್ದವು, ಪ್ರತಿ ಹೆಜ್ಜೆಯೂ ಮೊಣಕೈ ಮುಳುಗುವಷ್ಟು ಆಳವಾಗಿತ್ತು, ಹೆಜ್ಜೆಯ ಗುಂಡಿಗೆ ಇನ್ನೂ ನೀರು ಜಿನುಗುತ್ತಿತ್ತು. ಗೈಡ್ ದನಿ ತಗ್ಗಿಸಿದ್ದೂ ದೋಣಿಯವನು ಎಂಜಿನ್ ಆರಿಸಿದ್ದೂ ಒಟ್ಟಿಗೇ ಆಯಿತು.

ಊರುಸುತ್ತು
ನನ್ನ ವಾದವೂ ಇದೇ ಅಲ್ಲವೇ? ಹುಲಿ ಯೋಜನೆಯ ಹೆಸರಿನಲ್ಲಿ ಕರೆದುಕೊಂಡು ಹೋಗಿ ಹೆಜ್ಜೆ ತೋರಿಸಿ ಕಳಿಸುತ್ತಾರೆ.

ನಕ್ಷೆಪ್ರಿಯ
ಊರುಸುತ್ತು ಅವರೇ, ಹುಲಿ ತೋರಿಸುತ್ತೇವೆಂದು ಮಾತು ಕೊಟ್ಟವರ ಮೇಲೆ ನಿಮಗಿರುವ ಸಿಟ್ಟು ನ್ಯಾಯವಾದದ್ದೇ, ಆದರೆ ಅದನ್ನು ಜಾಗದ ಮೇಲೆ ಹಾಕಬೇಡಿ. 1973ರಲ್ಲಿ ಹುಲಿ ಯೋಜನೆ ಆರಂಭವಾದಾಗ ಆರಿಸಿದ ಮೊದಲ ಕಾಡುಗಳಲ್ಲಿ ಸುಂದರಬನವೂ ಒಂದು. ಹುಲಿ ಸಂರಕ್ಷಿತ ಪ್ರದೇಶದ ವಿಸ್ತೀರ್ಣ ಆಗ ಸುಮಾರು 2,585 ಚದರ ಕಿಲೋಮೀಟರ್ ಇತ್ತು. ಇತ್ತೀಚಿನ ಗಣತಿಯ ಅಂದಾಜಿನಂತೆ ಭಾರತದ ಕಡೆಯಲ್ಲಿರುವ ಹುಲಿಗಳು ನೂರರ ಆಸುಪಾಸು. ಇಷ್ಟು ವಿಸ್ತಾರದ ಕಾಡಿನಲ್ಲಿ ಪ್ರವಾಸಿಗರ ದೋಣಿಗೆ ತೆರೆದಿರುವುದು ಕೆಲವೇ ನೀರುದಾರಿಗಳು. ವಾಚ್ ಟವರ್‌ಗಳನ್ನು ಬಿಟ್ಟು ಬೇರೆಲ್ಲೂ ಕಾಡಿನ ನೆಲಕ್ಕೆ ಇಳಿಯುವಂತಿಲ್ಲ, ಕತ್ತಲಾದ ಮೇಲೆ ಓಡಾಟವೂ ಇಲ್ಲ. ಈ ನಿಯಮಗಳು ಹುಲಿಗೂ ಒಳ್ಳೆಯವು, ನಮಗೂ ಒಳ್ಳೆಯವು.

ಭೂಗೋಳದಮೇಷ್ಟ್ರು
ಹೊಳೆ ಕೊನೆಗೆ ಏನಾಗುತ್ತದೆ ಎಂಬ ಪ್ರಶ್ನೆಗೆ ಸ್ವಲ್ಪ ಹಿನ್ನೆಲೆ ಸೇರಿಸುತ್ತೇನೆ. ಗಂಗೆ, ಬ್ರಹ್ಮಪುತ್ರ, ಮೇಘನಾ ನದಿಗಳು ಹೊತ್ತು ತಂದ ಹೂಳಿನಿಂದ ಆದ ಈ ಮುಖಜಭೂಮಿ ಜಗತ್ತಿನಲ್ಲಿಯೇ ದೊಡ್ಡದು, ಅದರ ಸಮುದ್ರದಂಚಿನ ಕಾಡೇ ಸುಂದರಬನ. ಕಾಡಿನ ಹೆಚ್ಚಿನ ಭಾಗ ಬಾಂಗ್ಲಾದೇಶದಲ್ಲಿದೆ. ಭಾರತದ ಕಡೆಯ ರಾಷ್ಟ್ರೀಯ ಉದ್ಯಾನ 1987ರಲ್ಲಿ, ಬಾಂಗ್ಲಾದೇಶದ ಭಾಗ 1997ರಲ್ಲಿ ಯುನೆಸ್ಕೋ ವಿಶ್ವ ಪರಂಪರೆಯ ಪಟ್ಟಿ ಸೇರಿದವು.

ಇನ್ನು ತಾಯಿಯವರಿಗೆ ಹೇಳಲೇಬೇಕಾದ ಮಾತೊಂದಿದೆ. ಗೊಸಾಬಾದ ಸುತ್ತ ನೀವು ದೋಣಿಯಲ್ಲಿ ದಾಟುವ ಬಿದ್ಯಾಧರಿ, ಮಾತಲಾ ಮುಂತಾದ ನದಿಗಳಿಗೆ ಇಂದು ಮೇಲಿನಿಂದ ಗಂಗೆಯ ಸಿಹಿನೀರು ಬಹುತೇಕ ಬರುತ್ತಿಲ್ಲ. ಶತಮಾನಗಳ ಹಿಂದೆಯೇ ಗಂಗೆಯ ಮುಖ್ಯ ಪ್ರವಾಹ ಪೂರ್ವಕ್ಕೆ, ಪದ್ಮಾ ನದಿಯ ಕಡೆಗೆ ಸರಿಯಿತು, ಇಲ್ಲಿಯ ಕವಲುಗಳ ತಲೆ ಹೂಳಿನಿಂದ ಮುಚ್ಚಿಹೋಯಿತು. ಹೆಸರು ನದಿಯದ್ದೇ ಆದರೂ ಅಲ್ಲಿ ಏರಿಳಿಯುವುದು ಸಮುದ್ರದ ನೀರು. ಉಪ್ಪು ಹೆಚ್ಚಾದ್ದರಿಂದ, ಕಾಡಿಗೆ ಹೆಸರು ಕೊಟ್ಟಿತೆಂದು ಹೇಳುವ ಸುಂದರಿ ಮರವೇ ನಮ್ಮ ಕಡೆಯ ಕಾಡಿನಲ್ಲಿ ವಿರಳ. ಉಪ್ಪು ತಾಳುವ ಗೆವಾ, ಗೊರಾನ್, ಬಾಯಿನ್ ಮರಗಳೇ ಹೆಚ್ಚು. ಬಾಯಿನ್ ಮರದ ಎಲೆಯನ್ನು ಹಳ್ಳಿಯ ದಡದಲ್ಲಿ ಹತ್ತಿರದಿಂದ ನೋಡಿ, ಮರ ಬೆವರಿಬಿಟ್ಟ ಉಪ್ಪಿನ ಹರಳು ಎಲೆಯ ಮೇಲೆ ಸಣ್ಣಗೆ ಹೊಳೆಯುತ್ತಿರುತ್ತದೆ.

ಹೊಳೆಸಾಲು
ಮೇಷ್ಟ್ರೇ, ಇದನ್ನು ಅಮ್ಮನಿಗೆ ಓದಿ ಹೇಳಿದೆ. ಬಹಳ ಹೊತ್ತು ಸುಮ್ಮನಿದ್ದು "ಹಾಗಾದರೆ ಅಲ್ಲಿಯ ಜನ ಕುಡಿಯುವ ನೀರಿಗೆ ಏನು ಮಾಡುತ್ತಾರೆ?" ಎಂದು ಕೇಳಿದರು.

ದಡದಾಚೆ
ಆಳದ ಕೊಳವೆ ಬಾವಿಯ ನೀರು ಕುಡಿಯುತ್ತಾರೆ. ಗದ್ದೆಗೂ ಮನೆಬಳಕೆಗೂ ಮಳೆನೀರು ನಿಲ್ಲಿಸಿದ ಕೊಳಗಳಿವೆ, ಮನೆಗೊಂದರಂತೆ ಇರುವ ಹಳ್ಳಿಗಳೂ ಇವೆ. ತಾಯಿಯವರು ಈ ಪ್ರಶ್ನೆ ಕೇಳಿದ ಮೇಲೆ ಹಳ್ಳಿ ನೋಡದೆ ಬರಬಾರದು. ಭಾರತದ ಸುಂದರಬನದಲ್ಲಿ 102 ದ್ವೀಪಗಳಿವೆ, ಅವುಗಳಲ್ಲಿ 54ರಲ್ಲಿ ಜನವಸತಿಯಿದೆ. ಎರಡು ದಿನದ ಪ್ರವಾಸಗಳಲ್ಲಿ ವಾಚ್ ಟವರ್‌ಗಳಿಗೆ ಹೊತ್ತು ಸಾಲುವುದಿಲ್ಲವೆಂದು ಹಳ್ಳಿಯ ನಡಿಗೆಯನ್ನೇ ಕೈಬಿಡುತ್ತಾರೆ. ನಾನಾದರೆ ಒಂದು ವಾಚ್ ಟವರ್ ಬಿಟ್ಟು, ಹಳ್ಳಿಯೊಳಗೆ ಉಪ್ಪುನೀರು ನುಗ್ಗದಂತೆ ಕಟ್ಟಿದ ಒಡ್ಡಿನ ಮೇಲೆ ಒಂದು ಗಂಟೆ ನಡೆಯುತ್ತೇನೆ.

ಮೌನಯಾತ್ರಿ
ಇದಕ್ಕೆ ನನ್ನ ವಿರೋಧವಿದೆ. ಬಡವರ ಮನೆಯಂಗಳವನ್ನು ಪ್ರವಾಸದ ಪಟ್ಟಿಗೆ ಸೇರಿಸುವುದು ಸರಿಯಲ್ಲ. ನಮ್ಮ ಗುಂಪಿನವರು ಎದೆಮಟ್ಟದ ನೀರಿನಲ್ಲಿ ನೀಲಿ ಬಲೆ ಎಳೆಯುತ್ತಿದ್ದ ಹೆಂಗಸರ ಫೋಟೋ ತೆಗೆಯಲು ದೋಣಿಯನ್ನು ಅಷ್ಟು ಹತ್ತಿರ ಒಯ್ಯಿಸಿದರು. ಅವರಲ್ಲೊಬ್ಬಾಕೆ ಮುಖ ತಿರುಗಿಸಿಕೊಂಡರು. ನನಗೆ ಇಂದಿಗೂ ಆ ನೆನಪಾದರೆ ನಾಚಿಕೆಯಾಗುತ್ತದೆ.

ದಡದಾಚೆ
ಮೌನಯಾತ್ರಿಯವರೇ, ನಿಮ್ಮ ಗುಂಪಿನವರು ಮಾಡಿದ್ದು ತಪ್ಪೇ. ಆದರೆ ಹಳ್ಳಿಯನ್ನೇ ಬಿಟ್ಟುಬಂದರೆ ಆ ಹೆಂಗಸರು ಏಕೆ ನೀರಿನಲ್ಲಿದ್ದರೆಂಬುದು ಯಾರಿಗೂ ತಿಳಿಯುವುದಿಲ್ಲ. ಅವರು ಹಿಡಿಯುವುದು ಸಿಗಡಿಯ ಮರಿ, ಅಲ್ಲಿಯವರ ಮಾತಿನಲ್ಲಿ ಮೀನ್. ಕೂದಲೆಳೆಯಂತಿರುವ ಆ ಮರಿಗಳನ್ನು ಬಿಳಿ ತಟ್ಟೆಯಲ್ಲಿ ಒಂದೊಂದಾಗಿ ಆರಿಸಿ, ಸಾಕಣೆಯವರಿಗೆ ಮಾರುತ್ತಾರೆ. ಮೊಸಳೆಯ ಭಯವಿದೆ, ದಿನಗಟ್ಟಲೆ ಉಪ್ಪುನೀರಿನಲ್ಲಿ ನಿಂತು ಮೈಗೆ ಬರುವ ಕಾಯಿಲೆಗಳಿವೆ, ಬೇರೆ ಮೀನುಗಳ ಮರಿಗಳೂ ಆ ಬಲೆಗೆ ಬಿದ್ದು ಸಾಯುತ್ತವೆ. ಅಷ್ಟಾದರೂ ಇಳಿಯುತ್ತಾರೆ, ಏಕೆಂದರೆ ಗದ್ದೆಗೆ ಉಪ್ಪು ನುಗ್ಗಿದ ವರ್ಷ ಬೇರೆ ದಾರಿಯಿರುವುದಿಲ್ಲ.

2009ರ ಮೇ 25ರಂದು ಬಂದ ಐಲಾ ಚಂಡಮಾರುತ ಒಡ್ಡುಗಳನ್ನು ಒಡೆದು ಸಮುದ್ರವನ್ನು ಹೊಲಗಳ ಮೇಲೆ ಹರಿಸಿತು. ಆ ಉಪ್ಪು ಒಂದು ಮಳೆಗೆ ತೊಳೆದು ಹೋಗುವಂಥದ್ದಲ್ಲ, ವರ್ಷಗಳ ಕಾಲ ಭತ್ತ ಸರಿಯಾಗಿ ಬರಲಿಲ್ಲ, ಗಂಡಸರು ಕಟ್ಟಡದ ಕೆಲಸ ಹುಡುಕಿಕೊಂಡು ದಕ್ಷಿಣದ ರಾಜ್ಯಗಳಿಗೆ ಹೊರಟರು. 2020ರ ಮೇ ತಿಂಗಳಲ್ಲಿ ಅಂಫಾನ್ ಬಂದಾಗ ಮತ್ತೆ ಅದೇ ಕಥೆ. ಕ್ಯಾಮೆರಾವನ್ನು ಚೀಲದೊಳಗಿಟ್ಟು, ನಿಮ್ಮ ಗೈಡ್ ಅದೇ ಊರಿನವರಾಗಿದ್ದರೆ ಅವರ ಜೊತೆ ಮಾತಾಡುತ್ತ ನಡೆಯಿರಿ. ಆಗ ಯಾರೂ ಮುಖ ತಿರುಗಿಸುವುದಿಲ್ಲ.

ಮೌನಯಾತ್ರಿ
ಗೈಡ್ ಅದೇ ಊರಿನವರಾಗಿರಬೇಕು ಎಂಬ ಷರತ್ತಿನ ಮೇಲೆ ಒಪ್ಪುತ್ತೇನೆ.

ನಕ್ಷೆಪ್ರಿಯ
ಪ್ರತಿ ದೋಣಿಯಲ್ಲೂ ಅರಣ್ಯ ಇಲಾಖೆಯಲ್ಲಿ ನೋಂದಾಯಿಸಿದ ಗೈಡ್ ಇರಲೇಬೇಕು, ಅವರಲ್ಲಿ ಬಹಳ ಮಂದಿ ಆ ದ್ವೀಪಗಳವರೇ. ಕಾಡಿನ ಪರ್ಮಿಟ್ ಪಡೆಯಲು ದೋಣಿ ಸಜ್ನೆಖಾಲಿಯಲ್ಲಿ ನಿಲ್ಲುತ್ತದೆ, ಗುರುತಿನ ಚೀಟಿ ಕೈಯಲ್ಲೇ ಇರಲಿ. ಸುಧನ್ಯಖಾಲಿಯನ್ನು ಬಿಡಬೇಡಿ, ವಾಚ್ ಟವರ್ ಮುಂದಿನ ಸಿಹಿನೀರಿನ ಕೊಳಕ್ಕೆ ಜಿಂಕೆಗಳು ಬರುತ್ತವೆ. ದೋಬಾಂಕಿಯಲ್ಲಿ ಬಲೆ ಕಟ್ಟಿದ ಎತ್ತರದ ಕಾಲುದಾರಿಯಿದೆ, ಆದರೆ ಮೊಣಕಾಲು ನೋವಿರುವವರಿಗೆ ಅಲ್ಲಿಯ ಮೆಟ್ಟಿಲು ಕಷ್ಟ. ನೇತಿಧೋಪಾನಿಯನ್ನು ಎರಡು ದಿನದ ಪ್ರವಾಸದಲ್ಲಿ ತೋರಿಸುತ್ತೇವೆ ಎಂದರೆ ನಂಬಬೇಡಿ, ಅದು ದೂರ, ಅಲ್ಲಿಗೆ ಬಿಡುವ ದೋಣಿಗಳ ಸಂಖ್ಯೆಗೂ ಮಿತಿಯಿದೆ.

ಹಕ್ಕಿಗಣ್ಣು
ಬೈನಾಕ್ಯುಲರ್ ಇಲ್ಲದೆ ಹೋಗಬೇಡಿ. ಬೆಳಗಿನ ದೋಣಿಯಲ್ಲಿ ಚಳಿ ಜೋರಾಗಿರುತ್ತದೆ, ತಾಯಿಯವರಿಗೆ ಕಿವಿ ಮುಚ್ಚುವ ಟೊಪ್ಪಿಗೆ ಇರಲಿ.

ಹೊಳೆಸಾಲು
ಎಲ್ಲರಿಗೂ ನಮಸ್ಕಾರ. ಹೋಗಿ ಬಂದು ನಾಲ್ಕು ದಿನವಾಯಿತು. ಮುಂದೆ ವಯಸ್ಸಾದವರನ್ನು ಕರೆದುಕೊಂಡು ಹೋಗುವವರಿಗೆ ಉಪಯೋಗವಾಗಲೆಂದು ಬರೆಯುತ್ತಿದ್ದೇನೆ.

ದಡದಾಚೆ ಅವರು ಹೇಳಿದಂತೆ ಹುಣ್ಣಿಮೆಯ ಮಾರನೆಯ ದಿನ ಹೊರಟೆವು. ಮಧ್ಯಾಹ್ನ ಗೋದ್‌ಖಾಲಿ ತಲುಪಿದಾಗ ನೀರು ತುಂಬಿತ್ತು, ದೋಣಿಯ ಅಂಚು ಜೆಟ್ಟಿಯ ಮಟ್ಟಕ್ಕೇ ಇದ್ದುದರಿಂದ ಅಮ್ಮ ಒಂದೇ ಹೆಜ್ಜೆಗೆ ಒಳಗೆ ಬಂದರು. ಹಕ್ಕಿಗಣ್ಣು ಅವರು ಹೇಳಿದ ಸಣ್ಣ ಖಾಲ್‌ನೊಳಗೆ ನೀರು ಇರುವಾಗಲೇ ಹೋಗಿ ಬಂದೆವು, ಮಿಂಚುಳ್ಳಿಗಳನ್ನು ಎಣಿಸಿ ಎಣಿಸಿ ಅಮ್ಮನಿಗೆ ಲೆಕ್ಕ ತಪ್ಪಿತು. ಸಂಜೆ ಭಾಟಾದಲ್ಲಿ ಎಂಜಿನ್ ನಿಲ್ಲಿಸಿ ನಿಂತೆವು. ಕೆಸರಬೇರು ಅವರು ಬರೆದದ್ದರಲ್ಲಿ ಒಂದಕ್ಷರವೂ ಹೆಚ್ಚಿಲ್ಲ. ಅವರು ಬರೆಯದ ಒಂದು ಸಂಗತಿಯೆಂದರೆ ಸದ್ದು: ಎಂಜಿನ್ ನಿಂತ ಮೇಲೆ ಇಡೀ ಕೆಸರು ದಡ ಚಿಟಚಿಟ ಎನ್ನುತ್ತಿರುತ್ತದೆ.

ಮಾರನೆಯ ದಿನ ಸುಧನ್ಯಖಾಲಿ ಮುಗಿಸಿ, ದೋಬಾಂಕಿಯನ್ನು ಬಿಟ್ಟು, ನಮ್ಮ ಗೈಡ್ ಹುಟ್ಟಿದ ಹಳ್ಳಿಯಲ್ಲಿ ಇಳಿದೆವು. ಅಷ್ಟು ಹೊತ್ತಿಗೆ ಉಬ್ಬರ ಪೂರ್ತಿ ಏರಿತ್ತು. ಒಡ್ಡಿನ ಮೇಲೆ ನಿಂತರೆ ಎಡಕ್ಕೆ ನದಿ, ಬಲಕ್ಕೆ ಕೊಯ್ಲಾದ ಗದ್ದೆ. ನದಿಯ ನೀರು ಗದ್ದೆಗಿಂತ ಮೇಲಿತ್ತು. ಒಡ್ಡು ಕಟ್ಟಿದ ಮೇಲೆ ಹೂಳು ಒಳಗೆ ಬರುವುದು ನಿಂತಿತು, ಹೊರಗೆ ನದಿಯ ತಳ ಏರುತ್ತ ಹೋಯಿತು, ಒಳಗಿನ ನೆಲ ತಗ್ಗಿನಲ್ಲೇ ಉಳಿಯಿತು ಎಂದು ಗೈಡ್ ವಿವರಿಸಿದರು. ಸುಂದರಬನದಲ್ಲಿ ಇಂಥ ಒಡ್ಡು ಸುಮಾರು 3,500 ಕಿಲೋಮೀಟರ್ ಉದ್ದ ಇದೆಯಂತೆ. ಅಲ್ಲಿ ಮಣ್ಣು ಮೆತ್ತಿ ಬಿರುಕು ಮುಚ್ಚುತ್ತಿದ್ದ ಮುದುಕಿಯೊಬ್ಬರ ಪಕ್ಕ ಅಮ್ಮ ಕೂತುಕೊಂಡರು. ಒಬ್ಬರಿಗೆ ಬಂಗಾಳಿ ಬಿಟ್ಟು ಬೇರೆ ಬಾರದು, ಇನ್ನೊಬ್ಬರಿಗೆ ಕನ್ನಡ ಬಿಟ್ಟು ಬೇರೆ ಬಾರದು. ಆಕೆ ಒಡ್ಡಿನ ಬದಿಯಲ್ಲಿ ಕೈಯಿಟ್ಟು ತೋರಿಸಿ, ಆಮೇಲೆ ತಮ್ಮ ಕುತ್ತಿಗೆಯ ಬಳಿ ಅಂಗೈಯನ್ನು ಅಡ್ಡ ಹಿಡಿದರು. ಐಲಾದ ನೀರು ಅಷ್ಟು ಬಂದಿತ್ತೆಂದು ಗೈಡ್ ಹೇಳುವ ಮೊದಲೇ ಅಮ್ಮನಿಗೆ ಅರ್ಥವಾಗಿತ್ತು.

ಮೊಣಕಾಲಿನ ವಿಷಯ: ಹತ್ತಲು ಇಳಿಯಲು ಉಬ್ಬರವೇ ಒಳ್ಳೆಯದು. ಮೊದಲ ಸಂಜೆ ತಂಗುವ ಹಳ್ಳಿಗೆ ಬಂದಾಗ ನೀರು ಪೂರ್ತಿ ಇಳಿದಿತ್ತು, ದೋಣಿ ಜೆಟ್ಟಿಗಿಂತ ಎರಡು ಆಳು ಕೆಳಗಿತ್ತು, ಕೆಸರು ಹಿಡಿದ ಮೆಟ್ಟಿಲುಗಳನ್ನು ಏರಲು ಅಮ್ಮನಿಗೆ ಇಬ್ಬರ ಕೈ ಬೇಕಾಯಿತು. ಮೊದಲೇ ಗೊತ್ತಿದ್ದರೆ ಇನ್ನೂ ಎರಡು ಗಂಟೆ ಮುಂಚೆ ದಡ ಸೇರುತ್ತಿದ್ದೆವು.

ಊರುಸುತ್ತು
ನಿಮ್ಮ ಗೈಡ್ ಅವರನ್ನು ಸಂಪರ್ಕಿಸುವುದು ಹೇಗೆಂದು ನನಗೆ ಖಾಸಗಿಯಾಗಿ ತಿಳಿಸುವಿರಾ? ಮುಂದಿನ ಚಳಿಗಾಲಕ್ಕೆ ಹುಣ್ಣಿಮೆ ನೋಡಿ ದಿನ ಗೊತ್ತು ಮಾಡುತ್ತಿದ್ದೇನೆ, ಈ ಸಲ ಎರಡೇ ದಿನ.